ಪಟ್ಟೆ ಮೀನಿನ ಮೈ ಮೂಡುವ ಬಗೆ



ಈ ಸಂಜೆ ನಾನು ಮಾತಾಡಲಿರುವುದು ಒಂದೂವರೆ ಇಂಚು ಉದ್ದದ ಒಂದು ಮೀನಿನ ಬಗ್ಗೆ. ಅದರ ಮೈಮೇಲೆ ತಲೆಯಿಂದ ಬಾಲದ ತುದಿಯವರೆಗೆ ಕಡುನೀಲಿ ಪಟ್ಟೆಗಳು, ಅವುಗಳ ನಡುವೆ ಬೆಳ್ಳಿ ಬೆರೆತ ಹಳದಿ. ಅಕ್ವೇರಿಯಂ ಅಂಗಡಿಯಲ್ಲಿ ಜೀಬ್ರಾ ಮೀನು ಎಂದು ಕೇಳಿದರೆ ಕೊಡುತ್ತಾರೆ. ಅಲ್ಲಿ ಸಿಗುವ ಅಗ್ಗದ ಮೀನುಗಳಲ್ಲಿ ಇದೂ ಒಂದು. ವಿಜ್ಞಾನದಲ್ಲಿ ಇದರ ಹೆಸರು ಡ್ಯಾನಿಯೊ ರೇರಿಯೊ. ಇಲಿ, ಹಣ್ಣುನೊಣ, ದುಂಡುಹುಳುಗಳ ಜೊತೆಗೆ ಜೀವವಿಜ್ಞಾನದ ಮಾದರಿ ಜೀವಿಗಳ ಸಾಲಿನಲ್ಲಿ ಇದಕ್ಕೆ ಈಗ ಭದ್ರವಾದ ಜಾಗವಿದೆ. ಬೆನ್ನುಮೂಳೆಯಿರುವ ಪ್ರಾಣಿಯ ಮೈ ಒಂದೇ ಜೀವಕೋಶದಿಂದ ಹೇಗೆ ಮೂಡುತ್ತದೆ ಎಂಬುದನ್ನು, ಆ ಜೀವಕ್ಕೆ ಏನೂ ಆಗದಂತೆ, ಮೊದಲಿಂದ ಕೊನೆಯವರೆಗೆ ಕೂತು ನೋಡಲು ಈ ಮೀನು ಅವಕಾಶ ಮಾಡಿಕೊಟ್ಟಿತು.

‘ಮಾದರಿ ಜೀವಿ’ ಎಂದಾಗ, ಅದು ಪ್ರಯೋಗಾಲಯದಲ್ಲೇ ಹುಟ್ಟಿದ ಉಪಕರಣವೇನೋ ಎಂಬ ಭಾವನೆ ನಮ್ಮ ಪಠ್ಯಪುಸ್ತಕಗಳಿಂದ ಬಂದುಬಿಡುತ್ತದೆ. ಈ ಮೀನಿಗೊಂದು ಮನೆಯಿದೆ. ಗಂಗಾ, ಬ್ರಹ್ಮಪುತ್ರಾ ಬಯಲು ಆ ಮನೆಯ ನಡುಮನೆ. ಕರ್ನಾಟಕ ಅದರ ದಕ್ಷಿಣದ ಅಂಚು. ಕೃಷ್ಣೆಯಿಂದ ಕೆಳಗೆ ಪೆನ್ನಾರ್, ಕಾವೇರಿ ಜಲಾನಯನಗಳಲ್ಲೂ ಇದನ್ನು ಹಿಡಿದ ದಾಖಲೆಗಳಿವೆ. ಹಳ್ಳದ ಅಂಚು, ಗದ್ದೆಯ ಕಾಲುವೆ, ಮಳೆಗೆ ತುಂಬಿಕೊಂಡ ತಗ್ಗು, ಇಂಥ ನಿಧಾನದ ನೀರು ಇದಕ್ಕೆ ಇಷ್ಟ. ನನ್ನ ಮಾತಿನ ತಿರುಳನ್ನು ಮೊದಲೇ ಹೇಳಿಬಿಡುತ್ತೇನೆ. ಪ್ರಯೋಗಾಲಯಕ್ಕೆ ಅನುಕೂಲವೆಂದು ನಾವು ಮೆಚ್ಚಿಕೊಂಡ ಈ ಮೀನಿನ ಗುಣಗಳು ನಮ್ಮ ಅನುಕೂಲಕ್ಕೆಂದು ಬಂದವಲ್ಲ. ಮುಂಗಾರಿನ ತೆಳುನೀರಿನಲ್ಲಿ ಮೊಟ್ಟೆಯಿಟ್ಟು ಸಂತಾನ ಉಳಿಸಿಕೊಳ್ಳಬೇಕಾದ ಜೀವಿಯ ಗುಣಗಳು ಅವು. ಆ ನೀರನ್ನು ಮರೆತರೆ ಈ ಮೀನಿನ ಅಂಗರಚನೆ ನಮಗೆ ಅರ್ಧ ಮಾತ್ರ ಅರ್ಥವಾಗುತ್ತದೆ.

ಇದಕ್ಕೆ ಮೊದಲು ವಿಜ್ಞಾನದ ಹೆಸರಿಟ್ಟವನು ಕರ್ನಾಟಕದ ಇತಿಹಾಸ ಓದಿದವರಿಗೆ ಪರಿಚಿತನೇ. 1799ರಲ್ಲಿ ಟಿಪ್ಪು ಸುಲ್ತಾನ್ ಮಡಿದ ಮೇಲೆ, ಗೆದ್ದ ಸೀಮೆಯಲ್ಲಿ ಏನೇನಿದೆ ಎಂದು ನೋಡಿ ಬರೆಯಲು ಗವರ್ನರ್ ಜನರಲ್ ವೆಲ್ಲೆಸ್ಲಿ ಒಬ್ಬ ಸ್ಕಾಟಿಷ್ ವೈದ್ಯನನ್ನು ಕಳಿಸಿದ. ಅವನೇ ಫ್ರಾನ್ಸಿಸ್ ಬುಕನನ್. 1800-01ರಲ್ಲಿ ಮೈಸೂರು, ಕೆನರಾ, ಮಲಬಾರ್ ಸುತ್ತಿದ ಅವನು ಬೆಳೆ, ನೇಗಿಲು, ಕೆರೆ, ಕೂಲಿ, ಕಂದಾಯ ಯಾವುದನ್ನೂ ಬಿಡದೆ ಬರೆದುಕೊಂಡ. 1807ರಲ್ಲಿ ಅದು ಮೂರು ಸಂಪುಟವಾಗಿ ಬಂತು. ಅದೇ ಮನುಷ್ಯ ಮುಂದೆ ತಾಯಿಯ ಕಡೆಯ ಹೆಸರು ಹಿಡಿದು ಹ್ಯಾಮಿಲ್ಟನ್ ಆದ. ಬಂಗಾಳದಲ್ಲಿ ವರ್ಷಗಟ್ಟಲೆ ಸರ್ವೆ ಮಾಡಿ, 1822ರಲ್ಲಿ ಗಂಗಾನದಿ ಮತ್ತು ಅದರ ಕವಲುಗಳ ಮೀನುಗಳ ಬಗ್ಗೆ ಗ್ರಂಥ ಪ್ರಕಟಿಸಿದ. ಇನ್ನೂರೈವತ್ತಕ್ಕೂ ಹೆಚ್ಚು ಬಗೆಯ ಮೀನುಗಳ ವಿವರವಿರುವ ಆ ಗ್ರಂಥದಲ್ಲಿ ಸಿಪ್ರಿನಸ್ ರೇರಿಯೊ ಎಂಬ ಹೆಸರಿನಲ್ಲಿ ಕಾಣಿಸುವುದು ನಮ್ಮ ಪಟ್ಟೆ ಮೀನು. ಬುಕನನ್‌ನ ಪ್ರವಾಸಕಥನ ಓದುವವರು ಅವನ ಮೀನಿನ ಪುಸ್ತಕ ಮುಟ್ಟುವುದಿಲ್ಲ. ಹ್ಯಾಮಿಲ್ಟನ್ ಹೆಸರನ್ನು ಬರೆಯುವ ಪ್ರಾಣಿಶಾಸ್ತ್ರಜ್ಞರಿಗೆ ಅವನು ನಮ್ಮ ಊರುಗಳಲ್ಲಿ ಓಡಾಡಿದ್ದು ಗೊತ್ತಿರುವುದಿಲ್ಲ. ಈ ಎರಡು ಗುಂಪಿನ ಓದುಗರು ಒಂದೆಡೆ ಸೇರಬೇಕೆಂಬುದು ನನ್ನ ಬಹುದಿನದ ಆಸೆ.

ಹ್ಯಾಮಿಲ್ಟನ್ ನಂತರ ಇದು ಪಾಶ್ಚಾತ್ಯರ ಮನೆಗಳಲ್ಲಿ ಸಾಕುಮೀನಾಯಿತು. ಅಲ್ಲಲ್ಲಿ ಭ್ರೂಣಶಾಸ್ತ್ರಜ್ಞರು ಬಳಸಿದ್ದುಂಟು. ಮಾದರಿ ಜೀವಿಯ ಪಟ್ಟ ಸಿಕ್ಕಿದ್ದು ಅಮೆರಿಕದ ಒರೆಗಾನ್ ವಿಶ್ವವಿದ್ಯಾಲಯದ ಜಾರ್ಜ್ ಸ್ಟ್ರೈಸಿಂಗರ್‌ರಿಂದ. ಬುಡಾಪೆಸ್ಟ್‌ನಲ್ಲಿ ಹುಟ್ಟಿದ ಅವರು ಬ್ಯಾಕ್ಟೀರಿಯಾಗಳನ್ನು ಕೊಲ್ಲುವ ವೈರಸ್‌ಗಳ ಜೆನೆಟಿಕ್ಸ್‌ನಲ್ಲಿ ಹೆಸರು ಮಾಡಿದವರು. ಆ ನಿಖರತೆಯನ್ನು ಬೆನ್ನುಮೂಳೆಯಿರುವ ಪ್ರಾಣಿಗೂ ತರಬೇಕೆಂದು ಹೊರಟು ಈ ಮೀನನ್ನು ಆರಿಸಿಕೊಂಡರು. ಎಷ್ಟೋ ವರ್ಷ ಅವರ ಬಳಿ ಹೇಳಿಕೊಳ್ಳುವಂಥ ಪ್ರಬಂಧವೇ ಇರಲಿಲ್ಲ. ಕೊನೆಗೆ 1981ರಲ್ಲಿ, ಗಂಡಿನ ಜೀನ್‌ಗಳ ಪಾಲಿಲ್ಲದೆ ಬರಿಯ ತಾಯಿಯ ಮೊಟ್ಟೆಯಿಂದಲೇ ಒಂದೇ ತೆರನ ಮರಿಗಳನ್ನು ಪಡೆಯುವ ವಿಧಾನವನ್ನು ‘ನೇಚರ್’ ಪತ್ರಿಕೆಯಲ್ಲಿ ಪ್ರಕಟಿಸಿದರು. 1984ರಲ್ಲಿ ಸ್ಕೂಬಾ ಡೈವಿಂಗ್ ಮಾಡುವಾಗ ತೀರಿಕೊಂಡರು. ಅವರು ಬೆಳೆಸಿದ ಬಳಗದ ಚಾರ್ಲ್ಸ್ ಕಿಮ್ಮೆಲ್, ಮಾಂಟಿ ವೆಸ್ಟರ್‌ಫೀಲ್ಡ್ ಮುಂತಾದವರು ಕೆಲಸವನ್ನು ಕೈಬಿಡಲಿಲ್ಲ. 1995ರಲ್ಲಿ ಕಿಮ್ಮೆಲ್ ಮತ್ತು ಸಂಗಡಿಗರು ಈ ಭ್ರೂಣದ ಬೆಳವಣಿಗೆಯನ್ನು ಹಂತಹಂತವಾಗಿ ಚಿತ್ರಿಸಿ ಕೊಟ್ಟ ಪಟ್ಟಿಯನ್ನು ಇವತ್ತಿಗೂ ಈ ಮೀನಿನ ಎಲ್ಲ ಪ್ರಯೋಗಾಲಯಗಳಲ್ಲೂ ಬಳಸುತ್ತಾರೆ.

ನಮ್ಮ ತಲೆಮಾರಿನವರು ಅಂಗರಚನೆ ಕಲಿತದ್ದು ಮೇಣದ ತಟ್ಟೆಯ ಮೇಲೆ. ಕ್ಲೋರೋಫಾರಂ ಕೊಟ್ಟ ಕಪ್ಪೆಯನ್ನು ಅಂಗಾತ ಮಲಗಿಸಿ, ಕೈಕಾಲಿಗೆ ಗುಂಡುಸೂಜಿ ಚುಚ್ಚಿ, ಹೊಟ್ಟೆ ಬಿಡಿಸಿ ನೋಡಿದೆವು. ರೆಕಾರ್ಡ್ ಪುಸ್ತಕದಲ್ಲಿ ಪೆನ್ಸಿಲಿನಿಂದ ಚಿತ್ರ ಬರೆದು, ಬಲಕ್ಕೆ ಗೆರೆ ಎಳೆದು, ಒಂದೊಂದು ಅಂಗಕ್ಕೂ ಹೆಸರು ಬರೆದೆವು. ಅಲ್ಲಿ ಕಲಿತದ್ದನ್ನು ನಾನು ಕಡಿಮೆಯೆಂದು ಎಣಿಸುವುದಿಲ್ಲ. ಆದರೆ ಅದು ಎಲ್ಲ ಮುಗಿದ ಮೇಲಿನ ಚಿತ್ರ. ಹೃದಯ ಇಲ್ಲೇಕೆ, ಪಿತ್ತಜನಕಾಂಗ ಅಲ್ಲೇಕೆ, ಇವು ಅಲ್ಲಿಗೆ ಯಾವ ದಾರಿಯಲ್ಲಿ ಬಂದವು ಎಂದು ಕೇಳಲು ತಟ್ಟೆಯ ಮೇಲಿನ ಕಪ್ಪೆ ಆಸ್ಪದ ಕೊಡುತ್ತಿರಲಿಲ್ಲ. ಈ ಪ್ರಶ್ನೆಗಳು ಹಳೆಯವು. ಅರಿಸ್ಟಾಟಲ್ ಕಾವಿಗಿಟ್ಟ ಕೋಳಿಮೊಟ್ಟೆಗಳನ್ನು ಬೇರೆಬೇರೆ ದಿನ ಒಡೆದು ನೋಡಿ, ಮಿಡಿಯುವ ರಕ್ತದ ಚುಕ್ಕೆಯನ್ನು ಗುರುತಿಸಿದ್ದ. ಮೊಟ್ಟೆ ಒಡೆದರೆ ಭ್ರೂಣದ ಬದುಕು ಅಲ್ಲಿಗೆ ಮುಗಿಯುತ್ತದೆ. ನಾಳೆ ಅದು ಏನಾಗುತ್ತಿತ್ತೆಂದು ಇನ್ನೊಂದು ಮೊಟ್ಟೆಯಿಂದ ಊಹಿಸಬೇಕು. ನಮ್ಮ ಮೀನಿನ ಮೊಟ್ಟೆಯನ್ನು ಒಡೆಯಬೇಕಿಲ್ಲ. ಅದು ತಾಯಿಯ ಹೊರಗೆ, ನೀರಿನಲ್ಲಿ ಫಲಿತವಾಗುತ್ತದೆ, ಪಾರದರ್ಶಕವಾಗಿರುತ್ತದೆ. ಒಂದು ಸಾಧಾರಣ ಸೂಕ್ಷ್ಮದರ್ಶಕವಿದ್ದರೆ ಸಾಕು, ಒಂದೇ ಭ್ರೂಣವನ್ನು ಬೆಳಗಿನಿಂದ ಮರುಬೆಳಗಿನವರೆಗೆ ನೋಡುತ್ತ ಕೂರಬಹುದು.

ಬನ್ನಿ, ಹಾಗೇ ನೋಡೋಣ. ಬೆಳಕು ಹರಿದ ಹೊತ್ತಿಗೆ ಹೆಣ್ಣು ಮೊಟ್ಟೆಯಿಡುತ್ತದೆ, ಒಂದು ಸಲಕ್ಕೆ ನೂರಿನ್ನೂರು. ಒಂದೊಂದು ಮೊಟ್ಟೆಯ ಅಡ್ಡಳತೆ ಮುಕ್ಕಾಲು ಮಿಲಿಮೀಟರಿನಷ್ಟು. ತಂದೆ ತಾಯಿ ಕಾವಲು ಕಾಯುವುದಿಲ್ಲ. ಎದುರಿಗೆ ಸಿಕ್ಕರೆ ತಾವೇ ತಿಂದುಬಿಡುತ್ತವೆ. ಅದಕ್ಕೇ ಪ್ರಯೋಗಾಲಯದವರು ತೊಟ್ಟಿಯ ತಳಕ್ಕೆ ಜಾಲರಿಯನ್ನೋ ಗೋಲಿಗಳನ್ನೋ ಹಾಕುತ್ತಾರೆ. ಮೊಟ್ಟೆ ಸಂದಿಗೆ ಇಳಿದು ಉಳಿದುಕೊಳ್ಳುತ್ತದೆ. ಹಳ್ಳದಲ್ಲಿ ಈ ಕೆಲಸ ಮಾಡುವುದು ನೊರಜುಗಲ್ಲು. ಮೊಟ್ಟೆ ಅಂಟಿಕೊಳ್ಳದೆ ಕೆಳಗಿಳಿಯುವುದೂ, ಒಳಗಿನ ಬೆಳವಣಿಗೆ ಅಷ್ಟು ಅವಸರದಲ್ಲಿ ನಡೆಯುವುದೂ ಕಾವಲಿಲ್ಲದ ಈ ಬಾಳಿಗೆ ಹೊಂದುವಂಥವು. ಸಂಶೋಧಕರು ಒಂದು ದಿನದಲ್ಲಿ ಮೈ ಮೂಡುವುದನ್ನು ನೋಡಿ ಹಿಗ್ಗುತ್ತಾರೆ. ಹಳ್ಳದಲ್ಲಿ ತಡವಾದ ಭ್ರೂಣಕ್ಕೆ ಉಳಿಗಾಲವಿಲ್ಲ.

28.5 ಡಿಗ್ರಿ ಸೆಲ್ಸಿಯಸ್ ನೀರಿನಲ್ಲಿ, ಫಲಿತವಾದ ಸುಮಾರು 45 ನಿಮಿಷಕ್ಕೆ ಮೊದಲ ಕೋಶ ಎರಡಾಗುತ್ತದೆ. ಆಮೇಲೆ ಪ್ರತಿ 15 ನಿಮಿಷಕ್ಕೊಮ್ಮೆ ನಾಲ್ಕು, ಎಂಟು, ಹದಿನಾರು. ಇಡೀ ಮೊಟ್ಟೆ ಸೀಳುವುದಿಲ್ಲ. ಆಹಾರ ತುಂಬಿದ ಹಳದಿ ಉಂಡೆ ಕೆಳಗೆ ಇದ್ದಂತೆಯೇ ಇರುತ್ತದೆ. ಅದರ ನೆತ್ತಿಯ ಮೇಲೆ ಮಾತ್ರ ಕೋಶಗಳು ಗುಡ್ಡೆಗೂಡುತ್ತವೆ. ಮೂರು ಗಂಟೆಗೆ ಸಾವಿರ ಕೋಶ. ಇಲ್ಲಿಯವರೆಗೆ ಭ್ರೂಣ ತನ್ನ ಸ್ವಂತ ಜೀನ್‌ಗಳನ್ನು ಬಹುಮಟ್ಟಿಗೆ ಓದಿಯೇ ಇರುವುದಿಲ್ಲ. ಈ ಅವಧಿಯ ಕೆಲಸವೆಲ್ಲ ತಾಯಿ ಮೊಟ್ಟೆಯೊಳಗೆ ಕಟ್ಟಿಕೊಟ್ಟ ಆರ್‌ಎನ್‌ಎ ಮತ್ತು ಪ್ರೋಟೀನಿನ ಬುತ್ತಿಯಿಂದ ನಡೆಯುತ್ತದೆ. ಹತ್ತನೆಯ ವಿಭಜನೆಯ ಆಸುಪಾಸಿನಲ್ಲಿ ಭ್ರೂಣದ ಜೀನ್‌ಗಳು ಎಚ್ಚರಗೊಳ್ಳುತ್ತವೆ, ತಾಯಿ ಕೊಟ್ಟದ್ದು ಕರಗತೊಡಗುತ್ತದೆ. ಮನುಷ್ಯರಲ್ಲಿ ಈ ಹಸ್ತಾಂತರ ನಾಲ್ಕರಿಂದ ಎಂಟು ಕೋಶಗಳ ಹಂತದಲ್ಲೇ ನಡೆಯುತ್ತದೆ. ಇದನ್ನು ಓದುವಾಗಲೆಲ್ಲ, ತಂದೆಯ ಪಾಲು ಮಾತಾಡುವ ಮುಂಚೆಯೇ ತಾಯಿ ಎಷ್ಟೊಂದು ಕೆಲಸ ಮುಗಿಸಿರುತ್ತಾಳೆ ಎಂದು ನನಗೆ ಬೆರಗಾಗುತ್ತದೆ.

ನಾಲ್ಕು ಗಂಟೆ ದಾಟಿದ ಮೇಲೆ ಕೋಶಗಳ ಗುಡ್ಡೆ ತೆಳ್ಳಗಾಗಿ ಕೆಳಕ್ಕೆ ಹರಡುತ್ತದೆ. ಒಬ್ಬಟ್ಟು ಮಾಡುವಾಗ ಹೂರಣದ ಉಂಡೆಯ ಮೇಲೆ ಕಣಕವನ್ನು ಸುತ್ತಲೂ ಎಳೆದು ಕೆಳಗೆ ಬಾಯಿ ಮುಚ್ಚುತ್ತೇವಲ್ಲ, ಅದೇ ರೀತಿ ಕೋಶಗಳ ಹಾಳೆ ಹಳದಿ ಉಂಡೆಯನ್ನು ಪೂರ್ತಿ ಹೊದ್ದು ಹತ್ತನೆಯ ಗಂಟೆಗೆ ತಳದಲ್ಲಿ ಬಾಯಿ ಮುಚ್ಚುತ್ತದೆ. ಆದರೆ ಕೋಶಗಳು ಹರಡುವುದರ ಜೊತೆಗೆ ಅಂಚಿನಲ್ಲಿ ಒಳಕ್ಕೂ ಮಡಚಿಕೊಳ್ಳುತ್ತವೆ. ಒಳಗೆ ಹೋದವು ಸ್ನಾಯು, ರಕ್ತ, ಕರುಳು ಆಗುತ್ತವೆ. ಹೊರಗುಳಿದವು ಚರ್ಮ ಮತ್ತು ನರಮಂಡಲ. ಆರನೆಯ ಗಂಟೆಗೆ ಅಂಚಿನ ಒಂದು ಕಡೆ ಕೋಶಗಳು ದಪ್ಪಗೆ ಒತ್ತಿಕೊಂಡು ಗುರಾಣಿಯಾಕಾರದ ಉಬ್ಬು ಕಾಣಿಸುತ್ತದೆ. ಅದು ಮುಂದೆ ಬೆನ್ನಾಗುವ ಕಡೆ.

ಆ ಉಬ್ಬಿನ ಬಗ್ಗೆ ಒಂದೆರಡು ಮಾತು ಹೆಚ್ಚು ಹೇಳಬೇಕು. ಜರ್ಮನಿಯ ಹ್ಯಾನ್ಸ್ ಸ್ಪೀಮನ್‌ರ ಶಿಷ್ಯೆ ಹಿಲ್ಡೆ ಮಂಗೋಲ್ಡ್, ನ್ಯೂಟ್ ಎಂಬ ಬಾಲವುಳ್ಳ ಉಭಯಜೀವಿಯ ಭ್ರೂಣದಿಂದ ಇಂಥದೇ ಜಾಗದ ತುಣುಕು ತೆಗೆದು ಇನ್ನೊಂದು ಭ್ರೂಣದ ಹೊಟ್ಟೆಯ ಕಡೆಗೆ ಅಂಟಿಸಿದರು. ಅಲ್ಲಿ ಎರಡನೆಯ ಬೆನ್ನು, ಎರಡನೆಯ ನರಕೊಳವೆ ಮೂಡಿತು. ಅದರ ಬಹುಭಾಗ ಕಟ್ಟಿದ್ದು ಆಶ್ರಯ ಕೊಟ್ಟ ಭ್ರೂಣದ್ದೇ ಕೋಶಗಳು. ಅಂಟಿಸಿದ ತುಣುಕು ಅವುಗಳಿಗೆ ದಾರಿ ತೋರಿಸಿತ್ತು. ಪ್ರಬಂಧ 1924ರಲ್ಲಿ ಬಂತು. ಅದೇ ವರ್ಷ ಹಿಲ್ಡೆ ಚಿಕ್ಕ ವಯಸ್ಸಿನಲ್ಲೇ ಅಪಘಾತದಲ್ಲಿ ತೀರಿಕೊಂಡರು. 1935ರ ನೊಬೆಲ್ ಸ್ಪೀಮನ್‌ರಿಗೆ ಸಂದಿತು. ಈ ಮೀನಿನ ಉಬ್ಬನ್ನು ಕಸಿ ಮಾಡಿದರೂ ಹೀಗೇ ಎರಡನೆಯ ಮೈ ಮೂಡುತ್ತದೆ. ಅಂದರೆ ನ್ಯೂಟ್‌ಗೆ, ಮೀನಿಗೆ, ನಮಗೆ ಬೆನ್ನು ಬೆನ್ನಾಗುವ ಉಪಾಯ ಮೂಲತಃ ಒಂದೇ. ಇಲ್ಲಿ ದುಂಡುಹುಳುವಿನ ರೀತಿ ಬೇರೆ. ಅದರಲ್ಲಿ ಯಾವ ಕೋಶ ಯಾವುದರಿಂದ ಹುಟ್ಟಿ ಏನಾಗುತ್ತದೆ ಎಂಬ ವಂಶಾವಳಿ ಹುಳುವಿನಿಂದ ಹುಳುವಿಗೆ ಬದಲಾಗುವುದಿಲ್ಲ. ಬೆಳೆದ ಹುಳುವಿನಲ್ಲಿ 959 ದೇಹಕೋಶಗಳು. ಜಾನ್ ಸಲ್ಸ್ಟನ್ ಮತ್ತು ಜೊತೆಗಾರರು ಅಷ್ಟನ್ನೂ ಬೆನ್ನುಹತ್ತಿ ಬರೆದಿಟ್ಟರು. ಮೀನಿನ ಭ್ರೂಣದಲ್ಲಿ ಮೊದಮೊದಲ ಕೋಶಕ್ಕೆ ನಿಗದಿಯಾದ ಪಾತ್ರವಿಲ್ಲ. ಒಂದು ಜಾಗದ್ದನ್ನು ಇನ್ನೊಂದು ಜಾಗಕ್ಕಿಟ್ಟರೆ ಅದು ಹೊಸ ನೆರೆಯವರ ಜೊತೆ ಸೇರಿ ಅವರು ಆಗುವುದನ್ನೇ ತಾನೂ ಆಗುತ್ತದೆ.

ಹತ್ತು ಗಂಟೆಯ ನಂತರ ಬೆನ್ನಿನ ಎರಡೂ ಬದಿಗೆ ಗಂಟುಗಳು ಜೋಡಿಜೋಡಿಯಾಗಿ, ತಲೆಯ ಕಡೆಯಿಂದ ಬಾಲದ ಕಡೆಗೆ, ಸುಮಾರು ಅರ್ಧ ಗಂಟೆಗೊಂದರಂತೆ ಬೀಳುತ್ತವೆ. ಇವುಗಳಿಂದಲೇ ಬೆನ್ನುಮೂಳೆ ಮತ್ತು ಮೈಯ ಸ್ನಾಯುಗಳು. ಹಿಂಬದಿಯ ಕೋಶಗಳಲ್ಲಿ ಕೆಲವು ಜೀನ್‌ಗಳು ನಿಗದಿತ ಗತಿಯಲ್ಲಿ ಶುರುವಾಗಿ ನಿಲ್ಲುತ್ತ ಈ ಕಾಲ ಅಳೆಯುತ್ತವೆ ಎಂಬುದಕ್ಕೆ ಮೊದಲ ಸಾಕ್ಷ್ಯ 1997ರಲ್ಲಿ ಕೋಳಿ ಭ್ರೂಣದಲ್ಲಿ ಸಿಕ್ಕಿತು. ಮೀನಿನಲ್ಲಿ ಅದನ್ನು ಜೀವಂತವಾಗಿ ಕಾಣಬಹುದು. ಮನುಷ್ಯ ಭ್ರೂಣದಲ್ಲಿ ಒಂದು ಜೋಡಿಗೆ ಐದು ಗಂಟೆಯಷ್ಟು ಬೇಕು.

ಇದೇ ಹೊತ್ತಿಗೆ ಬಾಲದ ಬುಡದಲ್ಲಿ ದ್ರವ ತುಂಬಿದ ಒಂದು ಪುಟ್ಟ ಗುಳ್ಳೆ ಕಾಣಿಸಿಕೊಂಡು ಕೆಲವೇ ಗಂಟೆಗಳಲ್ಲಿ ಮಾಯವಾಗುತ್ತದೆ. ಅದಕ್ಕೆ ಕುಪ್ಫರ್ ಕೋಶಿಕೆ ಎಂದು ಹೆಸರು. ಹತ್ತೊಂಬತ್ತನೆಯ ಶತಮಾನದಲ್ಲೇ ಅದನ್ನು ಕಂಡವರಿದ್ದರು. ಯಾಕಿದೆಯೆಂದು ಗೊತ್ತಾಗಲು ನೂರಕ್ಕೂ ಹೆಚ್ಚು ವರ್ಷ ಬೇಕಾಯಿತು. ಗುಳ್ಳೆಯ ಒಳಗೋಡೆಯ ಸೂಕ್ಷ್ಮ ರೋಮಗಳು ಒಂದೇ ದಿಕ್ಕಿಗೆ ಸುತ್ತುತ್ತ ದ್ರವವನ್ನು ಹರಿಸುತ್ತವೆ. ಆ ಹರಿವಿನಿಂದ ಭ್ರೂಣಕ್ಕೆ ಎಡ ಬಲ ತಿಳಿಯುತ್ತದೆ. ಎಡಗಡೆ ಮಾತ್ರ ಕೆಲವು ಜೀನ್‌ಗಳು ಕೆಲಸಕ್ಕೆ ಇಳಿಯುತ್ತವೆ. ಹೃದಯ ಎಡಕ್ಕೆ ಸರಿಯುತ್ತದೆ. ರೋಮಗಳು ಅಲುಗಾಡದಂತೆ ಮಾಡಿದರೆ ಹೃದಯ ಎಡಕ್ಕೋ ಬಲಕ್ಕೋ ಎಂಬುದು ಅದೃಷ್ಟದ ಮಾತಾಗುತ್ತದೆ. ಮನುಷ್ಯರಲ್ಲೂ ಹೃದಯ ಬಲಕ್ಕಿರುವವರಲ್ಲಿ ಕೆಲವರಿಗೆ ಬಾಲ್ಯದಿಂದ ಬಿಡದ ಸೈನಸ್, ಕಫದ ತೊಂದರೆಗಳಿರುತ್ತವೆ. ಕಾರಣ ಎರಡಕ್ಕೂ ಒಂದೇ: ಶ್ವಾಸನಾಳದ ಕಫವನ್ನು ಮೇಲಕ್ಕೆ ತಳ್ಳುವ ರೋಮ ಮತ್ತು ಭ್ರೂಣಕ್ಕೆ ಎಡ ಬಲ ತಿಳಿಸುವ ರೋಮ ಒಂದೇ ಜಾತಿಯವು. ಆಸ್ಪತ್ರೆಯಲ್ಲಿ ಒಟ್ಟಿಗೆ ಕಾಣಿಸುತ್ತಿದ್ದ ಎರಡು ಸಂಗತಿಗಳಿಗೆ ಭ್ರೂಣದಲ್ಲಿ ಒಂದೇ ಬೇರು.

ಹೃದಯ ಹುಟ್ಟುವುದು ಎರಡಾಗಿ. ಎಡದಲ್ಲೊಂದು, ಬಲದಲ್ಲೊಂದು ಕೋಶಗಳ ಗುಂಪು ನಡುವಿಗೆ ನಡೆದುಬಂದು ಕೂಡಿ ಕೊಳವೆಯಾಗುತ್ತವೆ. ಒಂದು ದಿನ ತುಂಬುವ ಹೊತ್ತಿಗೆ ಆ ಕೊಳವೆ ಮಿಡಿಯತೊಡಗುತ್ತದೆ. ನಮ್ಮ ಹೃದಯವೂ ಹೀಗೆ ಎರಡು ಬದಿಯಿಂದಲೇ ಬಂದು ಕೂಡಿದ್ದು. ಮೀನಿನದು ಕೊನೆಗೂ ಎರಡೇ ಕೋಣೆಯದಾಗಿ ಉಳಿಯುತ್ತದೆ, ನಮ್ಮದು ನಾಲ್ಕಾಗುತ್ತದೆ. ಒಂದು ದಿನದ ಭ್ರೂಣವನ್ನು ನೋಡಿದರೆ ದೊಡ್ಡ ಕಣ್ಣು, ಉಬ್ಬಿದ ಮೆದುಳು, ಅಲುಗುವ ಬಾಲ, ಬೆನ್ನುದ್ದಕ್ಕೂ ಚಾಚಿದ ನೋಟೊಕಾರ್ಡ್ ಎಂಬ ದಂಡ ಎಲ್ಲ ಸ್ಪಷ್ಟ. ಎರಡರಿಂದ ಮೂರು ದಿನಕ್ಕೆ ಮೊಟ್ಟೆಯಿಂದ ಹೊರಗೆ. ಐದನೆಯ ದಿನಕ್ಕೆ ಬೇಟೆಯಾಡುತ್ತ ಈಜುವ ಮರಿ. ಮೂರು ತಿಂಗಳಿಗೆ ತಾನೇ ಮೊಟ್ಟೆಯಿಡುವ ಮೀನು.

ಇಷ್ಟೆಲ್ಲ ಕಾಣುವಾಗ ಇನ್ನೊಂದು ದಾರಿ ತೆರೆಯಿತು: ಜೀನ್ ಒಂದನ್ನು ಕೆಡಿಸಿ ಯಾವ ಅಂಗ ತಪ್ಪುತ್ತದೆಂದು ನೋಡುವುದು. ಜರ್ಮನಿಯ ಟ್ಯೂಬಿಂಗನ್‌ನ ಕ್ರಿಸ್ಟಿಯಾನೆ ನ್ಯುಸ್ಲೈನ್-ಫೋಲ್ಹಾರ್ಡ್ ಹಣ್ಣುನೊಣದಲ್ಲಿ ಮಾಡಿದ ಇಂಥ ಕೆಲಸಕ್ಕೆ 1995ರ ನೊಬೆಲ್ ಹಂಚಿಕೊಂಡಿದ್ದರು. ಅದನ್ನೇ ಈ ಮೀನಿನಲ್ಲಿ ಅವರ ತಂಡವೂ, ಬಾಸ್ಟನ್‌ನಲ್ಲಿ ವೋಲ್ಫ್‌ಗಾಂಗ್ ಡ್ರೀವರ್ ಮತ್ತು ಸಂಗಡಿಗರೂ ಮಾಡಿದರು. 1996ರ ಡಿಸೆಂಬರಿನಲ್ಲಿ ‘ಡೆವಲಪ್‌ಮೆಂಟ್’ ಪತ್ರಿಕೆಯ ಒಂದೇ ಸಂಚಿಕೆಯಲ್ಲಿ ಈ ಬಗ್ಗೆ 37 ಪ್ರಬಂಧಗಳು ಬಂದವು. ಎರಡು ಹೃದಯ ನಡುವಿಗೆ ಬಂದು ಕೂಡದೆ ದೂರದೂರವೇ ಮಿಡಿಯುವ ಭ್ರೂಣ, ಒಂಟಿಕಣ್ಣಿನ ಭ್ರೂಣ, ಬಾಲವಿಲ್ಲದ ಭ್ರೂಣ, ಮಿಡಿಯದ ಹೃದಯದ ಭ್ರೂಣ ಹೀಗೆ ಸಾವಿರಾರು ಮ್ಯುಟೇಶನ್‌ಗಳು ಸಿಕ್ಕವು. ಹೃದಯವೇ ಮಿಡಿಯದಿದ್ದರೆ ಇಲಿಯ ಭ್ರೂಣ ತಾಯಿಯ ಗರ್ಭದಲ್ಲೇ ಸತ್ತು ಕರಗಿಹೋಗುತ್ತದೆ, ನೋಡಲು ಏನೂ ಉಳಿಯುವುದಿಲ್ಲ. ಈ ಮೀನಿನ ಭ್ರೂಣ ಎಷ್ಟು ಚಿಕ್ಕದೆಂದರೆ ನೀರಿನ ಆಮ್ಲಜನಕ ಚರ್ಮದ ಮೂಲಕವೇ ಒಳಗಿಳಿದು, ರಕ್ತ ಹರಿಯದಿದ್ದರೂ ಅದು ಕೆಲವು ದಿನ ಬದುಕಿರುತ್ತದೆ. ಹೃದಯದ ಹುಟ್ಟುದೋಷಗಳ ಬಗ್ಗೆ ನಮಗಿಂದು ತಿಳಿದಿರುವುದರಲ್ಲಿ ಗಣನೀಯ ಪಾಲು ಆ ಕೆಲವು ದಿನಗಳಿಂದ ಬಂದದ್ದು. 2013ರಲ್ಲಿ ಈ ಮೀನಿನ ಪೂರ್ಣ ಜಿನೋಮ್ ಪ್ರಕಟವಾದಾಗ, ಮನುಷ್ಯನ ಜೀನ್‌ಗಳಲ್ಲಿ ಸುಮಾರು ಶೇಕಡ 70ಕ್ಕೆ ಇದರಲ್ಲಿ ಒಂದಾದರೂ ಸಂಬಂಧಿಯಿದೆ ಎಂದು ತಿಳಿಯಿತು.

ಬಣ್ಣದ ವಿಷಯ ಹೇಳದೆ ಮುಂದೆ ಹೋಗಲಾರೆ, ಅದು ನಮ್ಮ ಚರ್ಮಕ್ಕೇ ಸಂಬಂಧಿಸಿದ್ದು. ಸ್ಟ್ರೈಸಿಂಗರ್ ತಮ್ಮ ಮೀನುಗಳಲ್ಲಿ ಪಟ್ಟೆ ಮಾಸಿದ, ಹೊಂಬಣ್ಣದ ಒಂದು ಬಗೆಯನ್ನು ಗುರುತಿಸಿ ‘ಗೋಲ್ಡನ್’ ಎಂದು ಕರೆದಿದ್ದರು. ಅದರಲ್ಲಿ ಕೆಟ್ಟಿರುವ ಜೀನ್ ಯಾವುದೆಂದು 2005ರಲ್ಲಿ ಅಮೆರಿಕದ ಕೀತ್ ಚೆಂಗ್‌ರ ತಂಡ ಕಂಡುಹಿಡಿಯಿತು. ಹೆಸರು ಎಸ್‌ಎಲ್‌ಸಿ24ಎ5. ಮನುಷ್ಯನ ಅದೇ ಜೀನಿನ ಆರ್‌ಎನ್‌ಎಯನ್ನು ಗೋಲ್ಡನ್ ಭ್ರೂಣಕ್ಕೆ ಚುಚ್ಚಿದಾಗ ಅದರ ಕಪ್ಪು ಮರಳಿತು. ನಂತರ ಮನುಷ್ಯರಲ್ಲಿ ಹುಡುಕಿದರು. ಯುರೋಪಿಯನ್ನರಲ್ಲಿ ಬಹುತೇಕ ಎಲ್ಲರಲ್ಲೂ ಈ ಜೀನಿನ ಒಂದು ಅಕ್ಷರ ಬದಲಾಗಿದೆ. ಚರ್ಮ ಬಿಳಿಯಾಗಲು ಅದೂ ಒಂದು ಕಾರಣ. ಹೈದರಾಬಾದಿನ ಸಿಸಿಎಂಬಿ ಸಂಶೋಧನಾ ಸಂಸ್ಥೆಯ ವಿಜ್ಞಾನಿಗಳು ವಿದೇಶಿ ಸಹೋದ್ಯೋಗಿಗಳ ಜೊತೆ 2013ರಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ, ಅದೇ ಬದಲಾವಣೆ ದಕ್ಷಿಣ ಏಷ್ಯಾದ ಜನರಲ್ಲೂ ಇದೆ, ಯುರೋಪಿನವರದಕ್ಕೂ ನಮ್ಮದಕ್ಕೂ ಅದರ ಮೂಲ ಒಂದೇ. ಮದುವೆ ಜಾಹೀರಾತಿನಲ್ಲಿ ಮೈಬಣ್ಣ ಬರೆಯುವ ಸಮಾಜ ನಮ್ಮದು. ಒಂದು ಜೀನಿನ ಒಂದು ಅಕ್ಷರದ ವ್ಯತ್ಯಾಸ ಹೆಣ್ಣುಮಕ್ಕಳ ಬಾಳಿಗೆ ಎಷ್ಟು ನೋವು ತಂದಿದೆ ಎಂಬುದು ಈ ಪ್ರಬಂಧ ಓದುವಾಗ ನನ್ನ ಮನಸ್ಸನ್ನು ಬಿಡಲಿಲ್ಲ.

ಬೆಳೆದ ಮೀನಿನ ಮೈಯೂ ನಿಂತ ನೀರಲ್ಲ. 2002ರಲ್ಲಿ ಕೆನೆತ್ ಪಾಸ್ ಮತ್ತು ಜೊತೆಗಾರರು ಹೃದಯದ ಕೆಳಕೋಣೆಯ ಐದನೆಯ ಒಂದು ಪಾಲನ್ನು ಕತ್ತರಿಸಿ ತೆಗೆದರು. ಎರಡು ತಿಂಗಳಲ್ಲಿ ಅದು ಮತ್ತೆ ಬೆಳೆದು ತುಂಬಿಕೊಂಡಿತು. ಉಳಿದ ಹೃದಯಕೋಶಗಳೇ ತಮ್ಮ ಪಕ್ವತೆಯನ್ನು ಅರ್ಧ ಬಿಟ್ಟುಕೊಟ್ಟು ಮರಳಿ ವಿಭಜನೆಗೊಂಡು ಈ ಕೆಲಸ ಮಾಡುತ್ತವೆ. ನಮ್ಮಲ್ಲಿ ಹೃದಯಾಘಾತವಾದ ಜಾಗದಲ್ಲಿ ಕಲೆ ಮಾತ್ರ ಉಳಿಯುತ್ತದೆ. ಜಪಾನಿನ ಗದ್ದೆಗಳ ಮೆಡಾಕಾ ಎಂಬ ಮೀನಿಗೂ ಈ ಶಕ್ತಿಯಿಲ್ಲ. ಹೀಗೆ ಎರಡು ಮೀನುಗಳ ನಡುವೆಯೇ ಇರುವ ಅಂತರವನ್ನು ಹಿಡಿದು ಹುಡುಕುವವರು ಇಂದು ಹಲವರಿದ್ದಾರೆ. ನಮ್ಮ ನಾಡಿನಲ್ಲೂ ಈ ಮೀನಿನ ಕೆಲಸ ನಡೆಯುತ್ತಿದೆ: ಬೆಂಗಳೂರಿನ ಎನ್‌ಸಿಬಿಎಸ್ ಸಂಶೋಧನಾ ಸಂಸ್ಥೆಯಲ್ಲಿ ವತ್ಸಲಾ ತಿರುಮಲೈ ಅವರ ಪ್ರಯೋಗಾಲಯ ಇದೇ ಮೀನಿನ ಮರಿಯಲ್ಲಿ ಈಜನ್ನು ನಿಯಂತ್ರಿಸುವ ನರಕೋಶಗಳನ್ನು ಅಧ್ಯಯನ ಮಾಡುತ್ತಿದೆ. ಮೈಸೂರಿನ ಮಾನಸಗಂಗೋತ್ರಿಯಲ್ಲಿ ಹಣ್ಣುನೊಣಗಳ ಸಂಗ್ರಹವನ್ನು ಕಾಪಾಡಿಕೊಂಡು ಬಂದಿರುವ ಪರಂಪರೆಯೂ ನಮ್ಮ ಮುಂದಿದೆ. ಮಾದರಿ ಜೀವಿಗಳ ಕೆಲಸ ನಮ್ಮ ನಾಡಿಗೆ ಹೊಸದಲ್ಲ.

ಈಗ ಮತ್ತೆ ಹಳ್ಳಕ್ಕೆ ಬರುತ್ತೇನೆ. ಜಗತ್ತಿನ ಪ್ರಯೋಗಾಲಯಗಳಲ್ಲಿ ಹೆಚ್ಚು ಬಳಕೆಯಲ್ಲಿರುವ ತಳಿಗಳಲ್ಲಿ ‘ಎಬಿ’ ಎಂಬುದು ಒರೆಗಾನ್‌ನ ಸಾಕುಮೀನಿನ ಅಂಗಡಿಗಳಿಂದ ಬಂದದ್ದು. ‘ಟಿಯು’ ಟ್ಯೂಬಿಂಗನ್‌ನ ಅಂಗಡಿಯದು. ಇವು ತಲೆಮಾರುಗಳಿಂದ ಒಂದೇ ತಾಪ, ಒಂದೇ ಬೆಳಕು, ಹೊತ್ತಿಗೆ ಸರಿಯಾಗಿ ಸಿಗುವ ಆಹಾರದಲ್ಲಿ ಬೆಳೆದವು. ಇವುಗಳಲ್ಲಿ ಗಂಡು ಹೆಣ್ಣು ನಿರ್ಧಾರವಾಗುವ ಬಗೆ ಬಹುಕಾಲ ಒಗಟಾಗಿತ್ತು. ಎಲ್ಲ ಮರಿಗಳೂ ಮೊದಲು ಅಂಡಾಶಯದಂಥ ಅಂಗವನ್ನೇ ಬೆಳೆಸುತ್ತವೆ. ಗಂಡಾಗುವವುಗಳಲ್ಲಿ ಅದು ಕರಗಿ ವೃಷಣವಾಗುತ್ತದೆ. ಯಾವ ಕ್ರೋಮೋಸೋಮ್ ಇದನ್ನು ತೀರ್ಮಾನಿಸುತ್ತದೆ ಎಂದು ಹುಡುಕಿದರೆ ಸ್ಪಷ್ಟ ಉತ್ತರ ಸಿಗುತ್ತಿರಲಿಲ್ಲ. ಉತ್ತರ 2014ರಲ್ಲಿ ಒರೆಗಾನ್‌ನಿಂದಲೇ ಬಂತು. ಪಶ್ಚಿಮ ಬಂಗಾಳದ ನಾಡಿಯಾ, ಕೂಚ್ ಬೆಹಾರ್ ಕಡೆಯಿಂದ ತಂದ ಕಾಡುಮೀನುಗಳ ನಾಲ್ಕನೆಯ ಕ್ರೋಮೋಸೋಮಿನ ತುದಿಯಲ್ಲಿ ಲಿಂಗ ನಿರ್ಧರಿಸುವ ಭಾಗ ಚೆನ್ನಾಗಿಯೇ ಇತ್ತು. ಎಬಿ, ಟಿಯು ತಳಿಗಳು ಸಾಕಣೆಯಲ್ಲಿ ಅದನ್ನು ಕಳೆದುಕೊಂಡಿದ್ದವು. ಗಂಡು ಹೆಣ್ಣಿನ ಬೆಳವಣಿಗೆಯಂಥ ಮೂಲಭೂತ ವಿಷಯದಲ್ಲೇ ಪ್ರಯೋಗಾಲಯದ ಮೀನು ತನ್ನ ಊರಿನ ಮೀನಿನಿಂದ ಬೇರೆಯಾಗಿಬಿಟ್ಟಿತ್ತು. ದೆಹಲಿಯ ಐಜಿಐಬಿ ಸಂಶೋಧನಾ ಸಂಸ್ಥೆಯ ವಿಜ್ಞಾನಿಗಳು ಅಸ್ಸಾಮಿನ ಕಾಡುಮೀನಿನ ಜಿನೋಮನ್ನು 2009ರಲ್ಲೇ ಓದಿದ್ದರು. ಆ ದಾರಿಯಲ್ಲಿ ನಮ್ಮವರು ಇನ್ನೂ ದೂರ ಹೋಗಬೇಕಿದೆ.

ಇಲ್ಲಿ ಕೂತಿರುವ ವಿದ್ಯಾರ್ಥಿಗಳಿಗೆ ಹೇಳಬೇಕೆಂದೇ ಇದನ್ನು ಇಷ್ಟು ವಿವರಿಸಿದೆ. ಈ ಮೀನಿನ ನಾಡಿನ ದಕ್ಷಿಣದ ತುದಿಯಲ್ಲಿ ನೀವಿದ್ದೀರಿ. ಬಾಂಗ್ಲಾದೇಶದಲ್ಲಿ ರೊವೆನಾ ಸ್ಪೆನ್ಸ್ ನಡೆಸಿದ ಅಧ್ಯಯನದಂತೆ ಅಲ್ಲಿನ ಕಾಡುಮೀನಿಗೆ ಹೆಚ್ಚುಕಡಿಮೆ ಒಂದೇ ವರ್ಷದ ಬಾಳು. ಮಲೆನಾಡಿನ ಹಳ್ಳದ ಮೀನಿಗೆ ಎಷ್ಟು? ಮುಂಗಾರು, ಹಿಂಗಾರು ಎರಡೂ ಸುರಿಯುವ ಕಡೆ ಅದು ಎರಡು ಸಲ ಮೊಟ್ಟೆಯಿಡುತ್ತದೆಯೇ? ಇಲ್ಲಿನವುಗಳ ನಾಲ್ಕನೆಯ ಕ್ರೋಮೋಸೋಮಿನ ತುದಿ ಬಂಗಾಳದವುಗಳಂತೆಯೇ ಇದೆಯೇ? ಮೂರನೆಯ ಪ್ರಶ್ನೆಗೆ ದೊಡ್ಡ ಸಂಸ್ಥೆಯ ನೆರವು ಬೇಕು. ಮೊದಲೆರಡಕ್ಕೆ ಬೇಕಾದದ್ದು ಒಂದು ಕೈಬಲೆ, ಥರ್ಮಾಮೀಟರ್, ನೋಟ್‌ಬುಕ್ಕು ಮತ್ತು ವರ್ಷವಿಡೀ ಒಂದೇ ಹಳ್ಳಕ್ಕೆ ಹೋಗಿಬರುವ ಹಟ.

ಅಂಗಡಿಯ ಮೀನಿನಿಂದಲೂ ಒಂದು ಕೆಲಸ ಮಾಡಬಹುದು. ನೀರಿನ ತಾಪಕ್ಕೆ ತಕ್ಕಂತೆ ಬೆಳವಣಿಗೆಯ ವೇಗವನ್ನು ಲೆಕ್ಕ ಹಾಕಲು ಕಿಮ್ಮೆಲ್ ಒಂದು ಸೂತ್ರ ಕೊಟ್ಟಿದ್ದಾರೆ: ನೀರಿನ ತಾಪವನ್ನು 0.055ರಿಂದ ಗುಣಿಸಿ, ಅದರಿಂದ 0.57 ಕಳೆದು, ಬಂದ ಸಂಖ್ಯೆಯಿಂದ ಪಟ್ಟಿಯಲ್ಲಿರುವ ಗಂಟೆಯನ್ನು ಭಾಗಿಸಬೇಕು. 28.5 ಡಿಗ್ರಿಯಲ್ಲಿ 24 ಗಂಟೆಗೆ ತಲುಪುವ ಹಂತಕ್ಕೆ 25 ಡಿಗ್ರಿ ನೀರಿನಲ್ಲಿ ಸುಮಾರು 30 ಗಂಟೆ ಬೇಕು. ಎರಡು ಗಾಜಿನ ಬಟ್ಟಲು, ಎರಡು ತಾಪ, ಕಾಲೇಜಿನ ಸೂಕ್ಷ್ಮದರ್ಶಕ ಇದ್ದರೆ ನೀವೇ ಪರೀಕ್ಷಿಸಬಹುದು. ಹಳ್ಳದ ನೀರು ಬೆಳಗಿನಿಂದ ಸಂಜೆಗೆ, ಮೋಡದಿಂದ ಬಿಸಿಲಿಗೆ ಬದಲಾಗುತ್ತಲೇ ಇರುತ್ತದೆ. ಚಳಿಯಲ್ಲಿ 20ಕ್ಕಿಂತ ಕೆಳಗಿಳಿದು ಬೇಸಿಗೆಯಲ್ಲಿ 35 ದಾಟುವುದೂ ಉಂಟು. ಅಂಥ ಏರಿಳಿತದಲ್ಲಿ ಬೆನ್ನಿನ ಗಂಟುಗಳ ಗತಿ, ಹೃದಯದ ಎಡಬಲ ತಪ್ಪದೆ ಹೇಗೆ ನಡೆಯುತ್ತದೆ ಎಂಬುದು ಒಂದೇ ತಾಪದ ತೊಟ್ಟಿಯಲ್ಲಿ ಏಳುವ ಪ್ರಶ್ನೆಯಲ್ಲ.

ಕೊನೆಗೆ ಒಂದು ಕೋರಿಕೆ. ಅಂಗಡಿಯಿಂದ ತಂದ ಮೀನನ್ನು, ಕೆಲಸ ಮುಗಿಯಿತೆಂದು, ಕರುಣೆಯಿಂದಲೇ ಆದರೂ, ಕೆರೆಗೋ ಹಳ್ಳಕ್ಕೋ ಬಿಡಬೇಡಿ. ನೀಲಿ ಬೆಳಕಿನಲ್ಲಿ ಹೊಳೆಯುವಂತೆ ಬೇರೆ ಜೀವಿಯ ಜೀನ್ ಸೇರಿಸಿದ ಜೀಬ್ರಾ ಮೀನುಗಳು 2003ರಿಂದ ಅಮೆರಿಕದಲ್ಲಿ ಮಾರಾಟವಾಗುತ್ತಿವೆ. ಅವು ಬ್ರೆಜಿಲ್‌ನ ತೊರೆಗಳಲ್ಲಿ ಬದುಕಿ ಮರಿ ಮಾಡುತ್ತಿರುವುದು 2022ರಲ್ಲಿ ವರದಿಯಾಯಿತು. ಬ್ರೆಜಿಲ್‌ನಲ್ಲಿ ಅವುಗಳಿಗೆ ಕಾಡಿನ ಬಂಧುಗಳಿಲ್ಲ. ನಮ್ಮಲ್ಲಿದ್ದಾರೆ. ಇಲ್ಲಿ ಬಿಟ್ಟ ಮೀನು ಹಳ್ಳದ ಮೀನಿನ ಜೊತೆ ಕೂಡಿ ಮೊಟ್ಟೆಯಿಡುತ್ತದೆ; ಸಾಕಣೆಯಲ್ಲಿ ಕಳೆದುಹೋದದ್ದು ಹಳ್ಳದಲ್ಲೂ ಕಳೆದುಹೋಗಲು ದಾರಿಯಾಗುತ್ತದೆ. ಸಾಕಲಾಗದಿದ್ದರೆ ಅಂಗಡಿಗೇ ಹಿಂತಿರುಗಿಸಿ, ಇಲ್ಲವೇ ಸಾಕುವ ಗೆಳೆಯರಿಗೆ ಕೊಡಿ. ಹಳ್ಳದಲ್ಲಿ ಹಿಡಿದದ್ದನ್ನು ಅಳತೆ, ಲೆಕ್ಕ ಬರೆದುಕೊಂಡು ಅದೇ ಹಳ್ಳದ ಅದೇ ಜಾಗಕ್ಕೆ ಬಿಡಿ. ಬೇರೆ ಹಳ್ಳಕ್ಕೆ ಬೇಡ.